ಮದ್ದಿಲ್ಲದ ಆಸ್ಪತ್ರೆ

ಕ್ಷಯರೋಗಕ್ಕೆ ಮದ್ದು ಸಿಕ್ಕಿದ್ದು 1940ರ ದಶಕದಲ್ಲಿ. ಕ್ಷಯರೋಗಿಗಳ ಆಸ್ಪತ್ರೆಗಳು ಮಾತ್ರ ಅದಕ್ಕೂ ಸುಮಾರು 90 ವರ್ಷ ಮೊದಲೇ ಬಾಗಿಲು ತೆರೆದಿದ್ದವು. ಮದ್ದೇ ಇಲ್ಲದ ರೋಗಕ್ಕೆ ಆಸ್ಪತ್ರೆ ಕಟ್ಟಿ, ವೈದ್ಯರನ್ನೂ ದಾದಿಯರನ್ನೂ ನೇಮಿಸಿ, ರೋಗಿಗಳನ್ನು ವರ್ಷಗಟ್ಟಲೆ ಇರಿಸಿಕೊಂಡು ಅಲ್ಲಿ ಮಾಡುತ್ತಿದ್ದದ್ದಾದರೂ ಏನು?

ಹಳೆಯ ತಲೆಮಾರಿನ ಮನೆಗಳಲ್ಲಿ ಈ ಒಗಟಿನ ಅರ್ಧಭಾಗ ಎಲ್ಲರಿಗೂ ಗೊತ್ತು. ಟಿ.ಬಿ. ಎಂದು ತಿಳಿದೊಡನೆ ರೋಗಿಯನ್ನು ಊರಾಚೆಯ ಸ್ಯಾನಿಟೋರಿಯಂಗೆ ಸೇರಿಸುತ್ತಿದ್ದರು. ಅಲ್ಲಿ ಸುತ್ತ ಮರಗಳು, ಉದ್ದನೆಯ ವರಾಂಡ, ಹಾಲು ಮೊಟ್ಟೆ ಧಾರಾಳ. ಕೆಲವರು ಮೈ ತುಂಬಿಕೊಂಡು ಮನೆಗೆ ಬಂದರು, ಕೆಲವರು ಬರಲಿಲ್ಲ. ಮೈಸೂರಿನಲ್ಲಿ 1921ರಲ್ಲಿ ಆರಂಭವಾದ ಪ್ರಿನ್ಸೆಸ್ ಕೃಷ್ಣಾಜಮ್ಮಣ್ಣಿ ಸ್ಯಾನಿಟೋರಿಯಂ ಅಂಥದ್ದೇ ಜಾಗ. ಅದಕ್ಕೆ ಹೆಸರು ಕೊಟ್ಟ ರಾಜಕುಮಾರಿ ನಾಲ್ವಡಿ ಕೃಷ್ಣರಾಜ ಒಡೆಯರ ಸೋದರಿ. ಅರಮನೆಯ ವೈದ್ಯರೆಲ್ಲ ಕೈಗೆಟುಕುವಷ್ಟು ಹತ್ತಿರವಿದ್ದರೂ ಕ್ಷಯ ಆ ರಾಜಕುಮಾರಿಯನ್ನು ಬಿಡಲಿಲ್ಲ. ಒಗಟಿನ ಇನ್ನರ್ಧ ಹೀಗಿದೆ: ಮೈ ತುಂಬಿಕೊಂಡು ಬಂದವರನ್ನು ಉಳಿಸಿದ್ದು ಯಾವುದು? ಗಾಳಿಯೇ, ವಿಶ್ರಾಂತಿಯೇ, ಹಾಲೇ, ಅಥವಾ ಇವು ಯಾವುವೂ ಅಲ್ಲವೇ?

ಥರ್ಮಾಮೀಟರಿನ ಕೈಕೆಳಗೆ

ಮೊದಲ ಸ್ಯಾನಿಟೋರಿಯಂ 1850ರ ದಶಕದಲ್ಲಿ ಗೋರ್ಬರ್ಸ್‌ಡಾರ್ಫ್ ಎಂಬ ಬೆಟ್ಟದೂರಿನಲ್ಲಿ ಶುರುವಾಯಿತು. ಆಗ ಅದು ಪ್ರಷ್ಯಾದ ಸೈಲೀಷಿಯಾದಲ್ಲಿತ್ತು, ಈಗ ಪೋಲೆಂಡಿನಲ್ಲಿದೆ. ಕಟ್ಟಿದವರು ಹರ್ಮನ್ ಬ್ರೆಮರ್. ಕ್ಷಯ ವಾಸಿಯಾಗಬಲ್ಲ ರೋಗ ಎಂಬ ಅವರ ಮಾತು ಆ ಕಾಲಕ್ಕೆ ದಿಟ್ಟತನದ್ದು. ಅವರ ಬಳಿ ರೋಗಿಯಾಗಿ ಬಂದ ಪೀಟರ್ ಡೆಟ್‌ವೈಲರ್ ಎಂಬ ವೈದ್ಯರು ಗುಣವಾದ ಮೇಲೆ 1876ರಲ್ಲಿ ಜರ್ಮನಿಯ ಫಾಲ್ಕನ್‌ಸ್ಟೈನ್‌ನಲ್ಲಿ ತಮ್ಮದೇ ಸ್ಯಾನಿಟೋರಿಯಂ ನಡೆಸತೊಡಗಿದರು. ಬ್ರೆಮರ್ ರೋಗಿಗಳನ್ನು ಬೆಟ್ಟದ ದಾರಿಗಳಲ್ಲಿ ನಡೆಸುತ್ತಿದ್ದರು. ಡೆಟ್‌ವೈಲರ್ ಮಲಗಿಸಿದರು. ಮುಂದೆ ಲೋಕದ ತುಂಬ ಹರಡಿದ್ದು ಹೆಚ್ಚಾಗಿ ಈ ಶಿಷ್ಯನ ಪದ್ಧತಿ.

ಆ ಪದ್ಧತಿಯಲ್ಲಿ ರೋಗಿಯ ದಿನವನ್ನು ಆಳುತ್ತಿದ್ದದ್ದು ಥರ್ಮಾಮೀಟರು. ಬೆಳಗ್ಗೆ ಎದ್ದೊಡನೆ ಒಮ್ಮೆ, ಮತ್ತೆ ದಿನದಲ್ಲಿ ಹಲವು ಸಲ ಜ್ವರ ನೋಡಿ ಚೀಟಿಯಲ್ಲಿ ಬರೆಯಬೇಕು. ಜ್ವರವಿದ್ದವರು ಹಾಸಿಗೆ ಬಿಟ್ಟು ಏಳುವಂತಿಲ್ಲ. ಜ್ವರ ಇಳಿದವರಿಗೆ ಕುಳಿತುಕೊಳ್ಳಲು ಅನುಮತಿ, ಅದು ಹಲವು ವಾರ ಏರದಿದ್ದರೆ ನಾಲ್ಕು ಹೆಜ್ಜೆ ನಡೆಯಲು ಅನುಮತಿ. ಕಠಿಣ ಶಿಸ್ತಿನ ಕಡೆಗಳಲ್ಲಿ ಹೊಸ ರೋಗಿ ಪತ್ರ ಬರೆಯುವಂತಿರಲಿಲ್ಲ, ಓದುವಂತಿರಲಿಲ್ಲ, ತನ್ನ ತಲೆಯನ್ನು ತಾನೇ ಬಾಚಿಕೊಳ್ಳುವಂತೆಯೂ ಇರಲಿಲ್ಲ. ಮಧ್ಯಾಹ್ನದ ಊಟವಾದ ಮೇಲೆ ಎರಡು ಗಂಟೆ ಇಡೀ ಕಟ್ಟಡಕ್ಕೆ ಮೌನ. ಜೋರಾಗಿ ನಗುವುದೂ ತಪ್ಪು, ಏಕೆಂದರೆ ನಕ್ಕರೆ ಕೆಮ್ಮು ಬರುತ್ತದೆ. ಕೆಮ್ಮು ಬಂದರೂ ತಡೆದುಕೊಳ್ಳುವುದನ್ನು ಕಲಿಸುತ್ತಿದ್ದರು.

ಹಗಲೆಲ್ಲ ವರಾಂಡದಲ್ಲೇ ವಾಸ. ಕಾಲು ಚಾಚಿ ಒರಗುವ ಉದ್ದ ಕುರ್ಚಿಗಳು ಸಾಲಾಗಿರುತ್ತಿದ್ದವು. ಅಮೆರಿಕದ ಸಾರಾನಾಕ್ ಲೇಕ್‌ನಲ್ಲಿ ನೀರು ಹೆಪ್ಪುಗಟ್ಟುವ ಚಳಿಗಾಲದಲ್ಲೂ ರೋಗಿಗಳು ತುಪ್ಪಳದ ಕೋಟು ಹೊದ್ದು ಹೊರಗೇ ಮಲಗುತ್ತಿದ್ದರು. ಊಟವಂತೂ ಕರ್ತವ್ಯ. ಹಸಿವಿರಲಿ ಬಿಡಲಿ, ದಿನಕ್ಕೆ ಹಲವು ಲೋಟ ಹಾಲು, ಮೊಟ್ಟೆ, ಮಾಂಸ, ಬೆಣ್ಣೆ. ವಾರಕ್ಕೊಮ್ಮೆ ತೂಕ. ತಕ್ಕಡಿಯ ಮುಳ್ಳು ಮುಂದೆ ಹೋದರೆ ಅಂದು ಹಬ್ಬ, ಹಿಂದೆ ಸರಿದರೆ ಆ ರಾತ್ರಿ ನಿದ್ದೆಯಿಲ್ಲ.

ಕಫಕ್ಕೆ ಬೇರೆಯೇ ಕಾನೂನು. ರಾಬರ್ಟ್ ಕಾಕ್ 1882ರ ಮಾರ್ಚ್ 24ರಂದು ಬರ್ಲಿನ್‌ನಲ್ಲಿ ಕ್ಷಯದ ಸೂಕ್ಷ್ಮಾಣುವನ್ನು ತೋರಿಸಿದ ಮೇಲೆ ರೋಗಿಯ ಉಗುಳು ಎಲ್ಲರ ಕಣ್ಣಿಗೆ ಬಿತ್ತು. ಡೆಟ್‌ವೈಲರ್ ಜೇಬಿನಲ್ಲಿಟ್ಟುಕೊಳ್ಳುವ ಮುಚ್ಚಳದ ನೀಲಿ ಗಾಜಿನ ಉಗುಳುಸೀಸೆ ಮಾಡಿಸಿದರು. ರೋಗಿಗಳು ಅದಕ್ಕೆ ‘ನೀಲಿ ಹೈನ್‌ರಿಕ್’ ಎಂದು ಹೆಸರಿಟ್ಟು ತಮಾಷೆ ಮಾಡುತ್ತಿದ್ದರು. ನೆಲದ ಮೇಲೆ ಉಗುಳಿದವರನ್ನು ಹೊರಗೆ ಹಾಕುವಷ್ಟು ಬಿಗಿ ಇತ್ತು. ಧೂಳೇಳಬಾರದೆಂದು ಒಣ ಪೊರಕೆಯಲ್ಲಿ ಗುಡಿಸದೆ ಒದ್ದೆ ಬಟ್ಟೆಯಲ್ಲಿ ಒರೆಸುತ್ತಿದ್ದರು.

ಕಟ್ಟಡಗಳೂ ಈ ದಿನಚರಿಗೆ ತಕ್ಕಂತೆ ಬೆಳೆದವು. ಫಿನ್‌ಲ್ಯಾಂಡಿನ ಪೈಮಿಯೊದಲ್ಲಿ 1933ರಲ್ಲಿ ಮುಗಿದ ಸ್ಯಾನಿಟೋರಿಯಂನಲ್ಲಿ ವಾಸ್ತುಶಿಲ್ಪಿ ಆಲ್ವರ್ ಆಲ್ಟೊ ಇಡೀ ಕೋಣೆಯನ್ನು ಮಲಗಿದವರ ಕಣ್ಣಿನಿಂದ ಯೋಚಿಸಿದರು. ದಿನವಿಡೀ ಛಾವಣಿಯನ್ನೇ ನೋಡುವವರಿಗೆ ಬಿಳಿ ಬಣ್ಣ ಚುಚ್ಚುತ್ತದೆಂದು ಅದಕ್ಕೆ ಹಸಿರು ಬಳಿಸಿದರು. ದೀಪ ಕಣ್ಣಿಗೆ ಹೊಡೆಯದ ಹಾಗೆ ಇಟ್ಟರು. ಒಬ್ಬರು ಕೈ ತೊಳೆದರೆ ಪಕ್ಕದವರ ನಿದ್ದೆ ಕೆಡಬಾರದೆಂದು, ನೀರು ಬಿದ್ದರೂ ಸದ್ದಾಗದ ಓರೆಯ ಬೇಸಿನ್ ಮಾಡಿಸಿದರು. ಔಷಧಿಯಿಲ್ಲದ ಆಸ್ಪತ್ರೆಯಲ್ಲಿ ಕಟ್ಟಡವೇ ಉಪಕರಣ.

ಭಾರತದಲ್ಲಿ ಇದೇ ಮಾದರಿ 20ನೇ ಶತಮಾನದ ಆರಂಭದಲ್ಲಿ ಅಜ್ಮೇರ್ ಬಳಿಯ ತಿಲೋನಿಯಾಕ್ಕೆ, ಅಲ್ಮೋರಾಕ್ಕೆ, 1912ರಲ್ಲಿ ಭೊವಾಲಿಗೆ ಬಂತು. ಕಮಲಾ ನೆಹರೂ ಭೊವಾಲಿಯಲ್ಲಿದ್ದು, ಬಳಿಕ ಯುರೋಪಿಗೆ ಹೋಗಿ, 1936ರಲ್ಲಿ ಸ್ವಿಟ್ಜರ್‌ಲ್ಯಾಂಡಿನ ಲೊಸಾನ್‌ನಲ್ಲಿ ತೀರಿಕೊಂಡರು. ಕರ್ನಾಟಕದ ಗಡಿಗೆ ಸಮೀಪದ ಮದನಪಲ್ಲಿಯಲ್ಲಿ ಮಿಷನರಿ ಸಂಸ್ಥೆಗಳು ಕೂಡಿ ಆರೋಗ್ಯವರಂ ಸ್ಯಾನಿಟೋರಿಯಂ ನಡೆಸಿದವು. ಡೆನ್ಮಾರ್ಕಿನ ವೈದ್ಯ ಕ್ರಿಶ್ಚಿಯನ್ ಫ್ರಿಮೋಟ್-ಮೊಲ್ಲರ್ ಅದನ್ನು ಕಟ್ಟಿ ಬೆಳೆಸಿದರು. ಹಿಮ, ತುಪ್ಪಳದ ಕೋಟು ಇಲ್ಲಿರಲಿಲ್ಲ. ವರಾಂಡ, ವಿಶ್ರಾಂತಿ, ಹಾಲು, ತೂಕ, ಥರ್ಮಾಮೀಟರು ಇದ್ದವು.

ದ್ವೀಪದ ಮೊಲಗಳು

ಇದೆಲ್ಲ ಕೆಲಸ ಮಾಡುತ್ತದೆ ಎಂಬುದಕ್ಕೆ ಸಾಕ್ಷಿ ಏನಿತ್ತು? ಸಾರಾನಾಕ್ ಲೇಕ್‌ನ ಎಡ್ವರ್ಡ್ ಲಿವಿಂಗ್‌ಸ್ಟನ್ ಟ್ರೂಡೊ 1886ರಲ್ಲಿ ಅದನ್ನೇ ಪರೀಕ್ಷಿಸಹೊರಟರು. ಅವರೂ ಕ್ಷಯರೋಗಿಯೇ. ಸಾಯಲೆಂದು ಕಾಡಿಗೆ ಬಂದು, ಅಲ್ಲಿ ಚೇತರಿಸಿಕೊಂಡು, ಆ ಅನುಭವದ ಮೇಲೆ ಅಮೆರಿಕದಲ್ಲಿ ಹೆಸರಾದ ಸ್ಯಾನಿಟೋರಿಯಂ ಕಟ್ಟಿದವರು.

ಅವರು 15 ಮೊಲಗಳನ್ನು ಮೂರು ಗುಂಪು ಮಾಡಿದರು. ಮೊದಲ ಐದಕ್ಕೆ ಕ್ಷಯದ ಸೂಕ್ಷ್ಮಾಣು ಚುಚ್ಚಿ ಕತ್ತಲೆಯ, ಇಕ್ಕಟ್ಟಾದ ಜಾಗದಲ್ಲಿ ಇಟ್ಟರು. ಎರಡನೆಯ ಐದಕ್ಕೆ ಏನೂ ಚುಚ್ಚದೆ ತೇವದ ಗುಂಡಿಯಲ್ಲಿ ಅರೆಹೊಟ್ಟೆಯಲ್ಲಿ ಇಟ್ಟರು. ಮೂರನೆಯ ಐದಕ್ಕೆ ಸೂಕ್ಷ್ಮಾಣು ಚುಚ್ಚಿ, ಸರೋವರದ ನಡುವಿನ ಪುಟ್ಟ ದ್ವೀಪದಲ್ಲಿ ಹೊಟ್ಟೆ ತುಂಬ ಮೇವು ಕೊಟ್ಟು ಬಿಟ್ಟರು. ಮೊದಲ ಗುಂಪಿನಲ್ಲಿ ನಾಲ್ಕು ಸತ್ತವು. ಎರಡನೆಯ ಗುಂಪು ಬಡಕಲಾದರೂ ಅವುಗಳಿಗೆ ಕ್ಷಯ ಬರಲಿಲ್ಲ. ದ್ವೀಪದಲ್ಲಿ ಸತ್ತದ್ದು ಒಂದೇ.

ಕೆಟ್ಟ ಪರಿಸರವೊಂದೇ ಕ್ಷಯ ತರಲಾರದು, ಸೂಕ್ಷ್ಮಾಣು ಬೇಕೇ ಬೇಕು. ಸೂಕ್ಷ್ಮಾಣು ಒಳಹೊಕ್ಕ ಮೇಲೆ ಮಾತ್ರ ಬದುಕಿನ ಸ್ಥಿತಿಗತಿ ಸಾವುಬದುಕನ್ನು ನಿರ್ಧರಿಸಬಲ್ಲದು. ಇಷ್ಟನ್ನು ಈ ಪ್ರಯೋಗ ಚೆನ್ನಾಗಿ ತೋರಿಸಿತು. ಆದರೆ ದ್ವೀಪದ ಮೊಲಗಳಿಗೆ ಗಾಳಿ, ಬೆಳಕು, ಮೇವು, ಓಡಾಟ ಎಲ್ಲವೂ ಒಟ್ಟಿಗೆ ಸಿಕ್ಕಿದ್ದವು. ಯಾವುದು ಉಳಿಸಿತೆಂದು ಹೇಳುವುದು ಹೇಗೆ? ಮುಂದಿನ 60 ವರ್ಷ ಸ್ಯಾನಿಟೋರಿಯಂಗಳು ಈ ಎಲ್ಲವನ್ನೂ ಒಂದೇ ಗಂಟಿನಲ್ಲಿ ಕೊಡುತ್ತ ಹೋದವು, ಗಂಟು ಬಿಚ್ಚಿ ನೋಡಿದವರು ಕಡಿಮೆ. ತಮಾಷೆಯೆಂದರೆ, ದ್ವೀಪದಲ್ಲಿ ಕುಣಿದಾಡಿದ ಮೊಲಗಳ ಹೆಸರಿನಲ್ಲಿ ಮನುಷ್ಯರನ್ನು ಕುರ್ಚಿಗೆ ಅಂಟಿಸಲಾಯಿತು.

ಎಲ್ಲರೂ ಮಲಗಿಸಿದರು ಎಂದೂ ಅಲ್ಲ. ಇಂಗ್ಲೆಂಡಿನ ಫ್ರಿಮ್ಲಿಯಲ್ಲಿ ಮಾರ್ಕಸ್ ಪ್ಯಾಟರ್ಸನ್ ಜ್ವರ ಇಳಿದ ರೋಗಿಗಳಿಗೆ ಮೊದಲು ಮಣ್ಣಿನ ಬುಟ್ಟಿ ಹೊರಿಸಿದರು, ಆಮೇಲೆ ಸಲಿಕೆ ಕೊಟ್ಟರು, ಕೊನೆಗೆ ಗುದ್ದಲಿ. ದುಡಿದಾಗ ದೇಹದಲ್ಲಿರುವ ಸೂಕ್ಷ್ಮಾಣುವಿನ ಅಂಶ ಸ್ವಲ್ಪ ಸ್ವಲ್ಪವಾಗಿ ರಕ್ತಕ್ಕಿಳಿದು ಲಸಿಕೆಯಂತೆ ಕೆಲಸ ಮಾಡುತ್ತದೆ ಎಂಬುದು ಅವರ ಸಿದ್ಧಾಂತ. ಒಂದೇ ರೋಗಕ್ಕೆ ಒಬ್ಬರು ಪೂರ್ಣ ವಿಶ್ರಾಂತಿ, ಇನ್ನೊಬ್ಬರು ಕೂಲಿ ಕೆಲಸ ಬರೆದುಕೊಟ್ಟು, ಇಬ್ಬರೂ ಒಳ್ಳೆಯ ಫಲಿತಾಂಶ ಹೇಳಿಕೊಳ್ಳುತ್ತಿದ್ದಾರೆಂದರೆ ಅಲ್ಲಿ ಅನುಮಾನಕ್ಕೆ ಜಾಗವಿದೆ.

ಎದೆಯೊಳಗಿನ ಕೆಂಡ

ಅನುಮಾನ ಬಗೆಹರಿಯಲು ಶ್ವಾಸಕೋಶದೊಳಗೆ ಏನಾಗುತ್ತದೆಂದು ನೋಡಬೇಕು. ರೋಗಿಯೊಬ್ಬರು ಕೆಮ್ಮಿದಾಗ ಗಾಳಿಗೆ ಸೇರಿದ ಸೂಕ್ಷ್ಮಾಣು ಇನ್ನೊಬ್ಬರ ಉಸಿರಿನೊಡನೆ ಶ್ವಾಸಕೋಶದ ಕಟ್ಟಕಡೆಯ ಗಾಳಿಚೀಲಗಳಿಗೆ ಇಳಿಯುತ್ತದೆ. ಅಲ್ಲಿ ಕಾವಲು ನಿಂತ ಜೀವಕೋಶಗಳು ಅದನ್ನು ನುಂಗುತ್ತವೆ. ಬೇರೆ ಬಹಳಷ್ಟು ಸೂಕ್ಷ್ಮಾಣುಗಳ ಕತೆ ಇಲ್ಲಿಗೆ ಮುಗಿಯುತ್ತದೆ. ಕ್ಷಯದ್ದು ನುಂಗಿದ ಕೋಶದೊಳಗೇ ಬದುಕುವುದನ್ನು ಕಲಿತಿದೆ. ಅದರ ಮೈಮೇಲೆ ಮೇಣದಂಥ ದಪ್ಪ ಹೊದಿಕೆ. ಅದಕ್ಕೆ ಅವಸರವೂ ಇಲ್ಲ. ಕರುಳಿನ ಸಾಮಾನ್ಯ ಬ್ಯಾಕ್ಟೀರಿಯಾ ಒಳ್ಳೆಯ ಸ್ಥಿತಿಯಲ್ಲಿ 20 ನಿಮಿಷಕ್ಕೊಮ್ಮೆ ಇಬ್ಭಾಗವಾದರೆ, ಇದು ಇಬ್ಭಾಗವಾಗಲು ಸುಮಾರು 20 ಗಂಟೆ ತೆಗೆದುಕೊಳ್ಳುತ್ತದೆ.

ಕೊಲ್ಲಲಾಗದ್ದನ್ನು ದೇಹ ಸುತ್ತುಗಟ್ಟುತ್ತದೆ. ಕಾವಲು ಕೋಶಗಳು ಪದರ ಪದರವಾಗಿ ಕೂಡಿ, ಸೂಕ್ಷ್ಮಾಣುವನ್ನು ನಡುವೆ ಇಟ್ಟು, ಒಂದು ಬಿಗಿಯಾದ ಗಂಟು ಕಟ್ಟುತ್ತವೆ. ಇದನ್ನು ಕಾವಲುಗಂಟು ಎನ್ನಬಹುದು. ಗಂಟಿನ ನಡುಭಾಗ ಸತ್ತು ಗಿಣ್ಣಿನಂತೆ ಮೆತ್ತಗಾಗುತ್ತದೆ, ಅಲ್ಲಿಗೆ ರಕ್ತವೂ ಆಮ್ಲಜನಕವೂ ಸರಿಯಾಗಿ ತಲುಪುವುದಿಲ್ಲ. ಕ್ಷಯದ ಸೂಕ್ಷ್ಮಾಣುವಿಗೆ ಬೆಳೆಯಲು ಆಮ್ಲಜನಕ ಬೇಕೇ ಬೇಕು. ಅದಿಲ್ಲದಾಗ ಅದು ಸಾಯುವುದಿಲ್ಲ, ಸುಮ್ಮನಾಗುತ್ತದೆ.

ಗ್ಯಾಸು ಬರುವ ಮೊದಲು ಹಳ್ಳಿಯ ಮನೆಗಳಲ್ಲಿ ರಾತ್ರಿ ಅಡಿಗೆಯಾದ ಮೇಲೆ ಒಲೆಯ ಕೆಂಡಕ್ಕೆ ಬೂದಿ ಮುಚ್ಚಿಡುತ್ತಿದ್ದರು. ಗಾಳಿ ತಾಗದ ಕೆಂಡ ಉರಿಯುವುದೂ ಇಲ್ಲ, ಆರುವುದೂ ಇಲ್ಲ. ಬೆಳಗ್ಗೆ ಬೂದಿ ಕೆದಕಿ ಊದುಗೊಳವೆಯಲ್ಲಿ ಊದಿದರೆ ಮತ್ತೆ ಉರಿ. ಕಾವಲುಗಂಟಿನೊಳಗಿನ ಕ್ಷಯ ಹೀಗೆಯೇ. ಸೋಂಕು ತಗುಲಿದ ಹೆಚ್ಚಿನವರಲ್ಲಿ ಅದು ಜೀವಮಾನವಿಡೀ ಬೂದಿಯಡಿಯಲ್ಲೇ ಉಳಿದುಬಿಡುತ್ತದೆ, ಅವರಿಗೆ ರೋಗವೇ ಬರುವುದಿಲ್ಲ. ಕೆಲವರಲ್ಲಿ ಹೊದಿಕೆ ಸಡಿಲಗೊಳ್ಳುತ್ತದೆ. ಹೊಟ್ಟೆಗಿಲ್ಲದಿರುವುದು, ಸಕ್ಕರೆ ಕಾಯಿಲೆ, ಎಚ್‌ಐವಿ, ಮುಪ್ಪು ಇವು ಹಾಗೆ ಸಡಿಲಿಸುವ ಕಾರಣಗಳು. ಆಗ ಗಂಟಿನ ನಡುಭಾಗ ಕರಗಿ, ಪಕ್ಕದ ಶ್ವಾಸನಾಳಕ್ಕೆ ತೂತಾಗಿ, ಒಳಗಿದ್ದದ್ದು ಕಫವಾಗಿ ಹೊರಬೀಳುತ್ತದೆ. ಖಾಲಿಯಾದ ಜಾಗದಲ್ಲಿ ಕುಳಿ ಉಳಿಯುತ್ತದೆ. ಆ ಕುಳಿಗೆ ಈಗ ಪ್ರತಿ ಉಸಿರಿನಲ್ಲೂ ಗಾಳಿ ನುಗ್ಗುತ್ತದೆ. ಅಷ್ಟು ಕಾಲ ಸುಮ್ಮನಿದ್ದ ಸೂಕ್ಷ್ಮಾಣುಗಳು ಕೋಟಿಗಟ್ಟಲೆಯಾಗುತ್ತವೆ, ರೋಗಿ ಕೆಮ್ಮಿದಾಗೆಲ್ಲ ಹೊರಬರುತ್ತವೆ. ದೊಡ್ಡವರಲ್ಲಿ ಕುಳಿ ಹೆಚ್ಚಾಗಿ ಶ್ವಾಸಕೋಶದ ಮೇಲ್ತುದಿಯಲ್ಲಿ ಕಾಣಿಸುವುದೂ ಕಾಕತಾಳೀಯವಲ್ಲ. ನೆಟ್ಟಗೆ ನಿಂತ ಮನುಷ್ಯನ ಶ್ವಾಸಕೋಶದಲ್ಲಿ ಆಮ್ಲಜನಕ ಅತಿ ಹೆಚ್ಚಾಗಿರುವ ಭಾಗ ಅದೇ.

ಹಾಗಾದರೆ ಸ್ಯಾನಿಟೋರಿಯಂನ ವಿಚಿತ್ರ ಇಲ್ಲಿ ಎದ್ದು ಕಾಣುತ್ತದೆ. ಗಾಳಿ ಸಿಕ್ಕರೆ ಹೆಚ್ಚುವ ರೋಗಕ್ಕೆ ಅದು ಕೊಟ್ಟ ಚಿಕಿತ್ಸೆ ಒಳ್ಳೆಯ ಗಾಳಿ.

ಶ್ವಾಸಕೋಶಕ್ಕೆ ರಜೆ

ಈ ವಿಚಿತ್ರವನ್ನು ಕೆಲವು ವೈದ್ಯರು ಅರೆಬರೆಯಾಗಿ ಊಹಿಸಿದ್ದರು. ಇಟಲಿಯ ಕಾರ್ಲೊ ಫೋರ್ಲಾನಿನಿ 1882ರಲ್ಲಿ ಒಂದು ಸಲಹೆ ಮುಂದಿಟ್ಟು, 1888ರಲ್ಲಿ ಅದನ್ನು ಮಾಡಿಯೂ ತೋರಿಸಿದರು. ಎದೆಗೂಡಿಗೂ ಶ್ವಾಸಕೋಶಕ್ಕೂ ನಡುವಿನ ಸಂದಿಗೆ ಸೂಜಿಯಿಂದ ಗಾಳಿ ತುಂಬಿದರೆ ರೋಗ ತಗುಲಿದ ಶ್ವಾಸಕೋಶ ಕುಗ್ಗಿ ಮುದುಡಿಕೊಳ್ಳುತ್ತದೆ. ಕುಳಿಯ ಗೋಡೆಗಳು ಒಂದಕ್ಕೊಂದು ತಾಗಿ ಮುಚ್ಚಿಕೊಳ್ಳುತ್ತವೆ. ಮಾಡಿದವರು ಇದಕ್ಕೆ ಕೊಟ್ಟ ಕಾರಣ ‘ಶ್ವಾಸಕೋಶಕ್ಕೆ ವಿಶ್ರಾಂತಿ’. ಇಂದು ನೋಡಿದರೆ ಅದು ಕೆಂಡದ ಮೇಲೆ ಮತ್ತೆ ಬೂದಿ ಎಳೆಯುವ ಕೆಲಸ.

ತುಂಬಿದ ಗಾಳಿಯನ್ನು ದೇಹ ಹೀರಿಕೊಳ್ಳುವುದರಿಂದ ಕೆಲವು ವಾರಗಳಿಗೊಮ್ಮೆ ಮತ್ತೆ ತುಂಬಬೇಕಿತ್ತು, ಹೀಗೆ ಎರಡು ಮೂರು ವರ್ಷ. ಎರಡು ಮಹಾಯುದ್ಧಗಳ ನಡುವಿನ ಕಾಲದಲ್ಲಿ ‘ಗಾಳಿ ತುಂಬಿಸಿಕೊಳ್ಳುವ ದಿನ’ ಸ್ಯಾನಿಟೋರಿಯಂ ಬದುಕಿನ ಮಾಮೂಲಿ ಭಾಗವಾಗಿತ್ತು. ಅದು ಸಾಲದಾದಾಗ ವಪೆಗೆ ಹೋಗುವ ನರವನ್ನು ಜಜ್ಜುತ್ತಿದ್ದರು. ಅದೂ ಸಾಲದಾದರೆ ಪಕ್ಕೆಲುಬುಗಳನ್ನೇ ಕತ್ತರಿಸಿ ತೆಗೆದು ಎದೆಯ ಗೋಡೆಯನ್ನು ಒಳಕ್ಕೆ ಕುಸಿಯುವಂತೆ ಮಾಡುತ್ತಿದ್ದರು. ಬದುಕಿದವರು ಒಂದು ಭುಜ ಇಳಿಬಿದ್ದ ದೇಹದೊಂದಿಗೆ ಮುಂದಿನ ದಶಕಗಳನ್ನು ಕಳೆದರು. ಕ್ರೂರವೆನಿಸಿದರೂ ಸ್ಯಾನಿಟೋರಿಯಂ ಕಾಲದ ಚಿಕಿತ್ಸೆಗಳಲ್ಲಿ ರೋಗದ ಬುಡಕ್ಕೆ ಸ್ವಲ್ಪವಾದರೂ ಕೈ ಹಾಕಿದ್ದು ಇದೊಂದೇ ಎನ್ನಬೇಕು.

ಸೂರ್ಯನ ಬೆಳಕಿಗೂ ಇಂಥದ್ದೇ ಒಂದು ಸೀಮಿತ ಪಾಲಿದೆ. ಡೆನ್ಮಾರ್ಕಿನ ನೀಲ್ಸ್ ಫಿನ್ಸೆನ್ ಚರ್ಮದ ಕ್ಷಯವನ್ನು ಬೆಳಕಿನಿಂದ ಗುಣಪಡಿಸಿ 1903ರಲ್ಲಿ ನೊಬೆಲ್ ಪಡೆದರು. ಆದರೆ ಬೆಳಕು ಚರ್ಮದವರೆಗೆ ಹೋದೀತು, ಎದೆಯೊಳಗಿನ ಕುಳಿಯವರೆಗಲ್ಲ.

ತಾನಾಗಿಯೇ ಗೆದ್ದವರು

ಬ್ರೆಮರ್ ಕಾಲದಿಂದಲೂ ಸ್ಯಾನಿಟೋರಿಯಂಗಳು ‘ಇಷ್ಟು ಜನ ಗುಣವಾದರು’ ಎಂದು ವರ್ಷ ವರ್ಷ ವರದಿ ಕೊಟ್ಟವು. ಅವು ಸುಳ್ಳು ಹೇಳುತ್ತಿರಲಿಲ್ಲ. ಆದರೆ ಆ ಲೆಕ್ಕವನ್ನು ಹೋಲಿಸಿ ನೋಡಲು ಇನ್ನೊಂದು ಲೆಕ್ಕ ಬೇಕಿತ್ತು: ಏನೂ ಮಾಡದೆ ಬಿಟ್ಟರೆ ಎಷ್ಟು ಜನ ಗುಣವಾಗುತ್ತಾರೆ?

ಇದಕ್ಕೆ ಸಿಕ್ಕ ಅತ್ಯಂತ ಸ್ಪಷ್ಟ ಉತ್ತರಗಳಲ್ಲಿ ಒಂದು ಬೆಂಗಳೂರು ಜಿಲ್ಲೆಯ ಹಳ್ಳಿಗಳದ್ದು. ಬೆಂಗಳೂರಿನ ಬಳ್ಳಾರಿ ರಸ್ತೆಯಲ್ಲಿ 1959ರಲ್ಲಿ ಸ್ಥಾಪನೆಯಾದ ರಾಷ್ಟ್ರೀಯ ಕ್ಷಯರೋಗ ಸಂಸ್ಥೆ 1961ರಿಂದ 1968ರವರೆಗೆ ಈ ಹಳ್ಳಿಗಳ ಸಮೀಕ್ಷೆಯನ್ನು ಮತ್ತೆ ಮತ್ತೆ ನಡೆಸಿತು. ಕ್ಷಯದ ಚಿಕಿತ್ಸೆ ಇನ್ನೂ ಸರಿಯಾಗಿ ತಲುಪದ ಊರುಗಳು ಅವು. ಕಫದಲ್ಲಿ ಸೂಕ್ಷ್ಮಾಣು ಕಂಡವರನ್ನು ಐದು ವರ್ಷದ ಬಳಿಕ ನೋಡಿದಾಗ 49% ಸತ್ತಿದ್ದರು, 18% ಇನ್ನೂ ಸೂಕ್ಷ್ಮಾಣು ಹೊರಹಾಕುತ್ತ ಬದುಕಿದ್ದರು, 33% ತಾವಾಗಿಯೇ ಗುಣವಾಗಿದ್ದರು.

ಸ್ಯಾನಿಟೋರಿಯಂ ಒಗಟಿನ ಕೀಲಿ ಈ ಮೂರನೆಯ ಅಂಕಿಯಲ್ಲಿದೆ. ಮೂವರಲ್ಲಿ ಒಬ್ಬರ ದೇಹ ಯಾರ ಸಹಾಯವೂ ಇಲ್ಲದೆ ಗಂಟನ್ನು ಮತ್ತೆ ಬಿಗಿದು ಗೆಲ್ಲುತ್ತದೆ. ಅಂಥವರು ಫಾಲ್ಕನ್‌ಸ್ಟೈನ್‌ನಲ್ಲಿ ಮಲಗಿದ್ದರೆ ಗೆಲುವು ವಿಶ್ರಾಂತಿಗೆ, ಫ್ರಿಮ್ಲಿಯಲ್ಲಿ ಅಗೆಯುತ್ತಿದ್ದರೆ ಗೆಲುವು ಗುದ್ದಲಿಗೆ. ಜೊತೆಗೆ ಬಹಳಷ್ಟು ಸ್ಯಾನಿಟೋರಿಯಂಗಳು ರೋಗ ಬಲಿತವರನ್ನು ಸೇರಿಸಿಕೊಳ್ಳಲು ಹಿಂಜರಿಯುತ್ತಿದ್ದವು, ಎಳೆಯ ಹಂತದವರಿಗೇ ಆದ್ಯತೆ. ಗೆಲ್ಲುವವರನ್ನೇ ಆರಿಸಿಕೊಂಡ ಮೇಲೆ ಗೆಲುವಿನ ಲೆಕ್ಕ ಚೆನ್ನಾಗಿಯೇ ಇರುತ್ತದೆ.

ವರಾಂಡ ಕಾಪಾಡಿದ್ದು ಯಾರನ್ನು?

ಗಾಳಿ ರೋಗಿಯನ್ನು ಗುಣಪಡಿಸಲಿಲ್ಲ ಎಂದಾದರೆ ವರಾಂಡಗಳು ವ್ಯರ್ಥವೇ? ಅಲ್ಲ. ಅಮೆರಿಕದ ಬಾಲ್ಟಿಮೋರಿನಲ್ಲಿ 1950ರ ದಶಕದ ಕೊನೆಯಲ್ಲಿ ವಿಲಿಯಂ ವೆಲ್ಸ್ ಮತ್ತು ರಿಚರ್ಡ್ ರೈಲಿ ಒಂದು ಸಣ್ಣ ಕ್ಷಯದ ವಾರ್ಡಿನಿಂದ ಹೊರಹೋಗುವ ಗಾಳಿಯನ್ನೆಲ್ಲ ಕೊಳವೆಯ ಮೂಲಕ ಮಾಳಿಗೆಯ ಮೇಲಿನ ಗಿನಿಯಿಲಿಗಳ ಪಂಜರಗಳಿಗೆ ಹಾಯಿಸಿದರು. ಇಲಿಗಳಿಗೂ ರೋಗಿಗಳಿಗೂ ನಡುವೆ ಗಾಳಿಯ ಹೊರತು ಬೇರೆ ಸಂಪರ್ಕವಿರಲಿಲ್ಲ. ಆದರೂ ಇಲಿಗಳಿಗೆ ಕ್ಷಯ ಬಂತು. ಅದೇ ಗಾಳಿಯನ್ನು ನೇರಳಾತೀತ ಕಿರಣದ ಮೂಲಕ ಹಾಯಿಸಿಕೊಂಡ ಇನ್ನೊಂದು ಪಂಜರದ ಇಲಿಗಳಿಗೆ ಬರಲಿಲ್ಲ.

ನೆಲದ ಮೇಲಿನ ಉಗುಳಿಗಿಂತ, ತಟ್ಟೆ ಲೋಟಗಳಿಗಿಂತ, ಮುಚ್ಚಿದ ಕೋಣೆಯಲ್ಲಿ ತೇಲುವ ಗಾಳಿಯೇ ಅಪಾಯ ಎಂದು ಇದರಿಂದ ಖಚಿತವಾಯಿತು. ತೆರೆದ ವರಾಂಡದಲ್ಲಿ ಆ ಗಾಳಿ ಚದುರಿಹೋಗುತ್ತದೆ, ಬಿಸಿಲಿನ ನೇರಳಾತೀತ ಕಿರಣ ಸೂಕ್ಷ್ಮಾಣುವನ್ನು ಕೊಲ್ಲುತ್ತದೆ. ಅಂದರೆ ವರಾಂಡ ಕಾಪಾಡಿದ್ದು ಮಲಗಿದವರನ್ನಲ್ಲ, ಅವರಿಗೆ ಹಾಲು ತಂದುಕೊಟ್ಟ ದಾದಿಯರನ್ನು. ನೀಲಿ ಸೀಸೆಯ ಬಗ್ಗೆ ಅಷ್ಟು ಎಚ್ಚರ ವಹಿಸಿದವರಿಗೆ ಈ ದೊಡ್ಡ ಉಪಕಾರ ತಾವು ಮಾಡುತ್ತಿದ್ದೇವೆಂಬುದೇ ತಿಳಿದಿರಲಿಲ್ಲ.

ಕೆಂಡಕ್ಕೆ ನೀರು

ಸ್ಟ್ರೆಪ್ಟೊಮೈಸಿನ್ 1943ರಲ್ಲಿ ಅಮೆರಿಕದ ರಟ್ಗರ್ಸ್‌ನಲ್ಲಿ ಪತ್ತೆಯಾಯಿತು. ಯುದ್ಧ ಮುಗಿದ ಬ್ರಿಟನ್‌ಗೆ ಸಿಕ್ಕಿದ ಔಷಧಿ ಎಲ್ಲ ರೋಗಿಗಳಿಗೆ ಸಾಲುವಷ್ಟಿರಲಿಲ್ಲ. ಆ ಕೊರತೆಯನ್ನೇ ಬಳಸಿಕೊಂಡು ಅಲ್ಲಿನ ವೈದ್ಯಕೀಯ ಸಂಶೋಧನಾ ಮಂಡಳಿ 107 ರೋಗಿಗಳನ್ನು ಚೀಟಿ ಎತ್ತಿದ ಹಾಗೆ ಎರಡು ಪಾಲು ಮಾಡಿತು. 55 ಜನರಿಗೆ ಔಷಧಿ ಮತ್ತು ವಿಶ್ರಾಂತಿ, 52 ಜನರಿಗೆ ವಿಶ್ರಾಂತಿ ಮಾತ್ರ. ಆರು ತಿಂಗಳಲ್ಲಿ ಮೊದಲ ಗುಂಪಿನಲ್ಲಿ 4 ಜನ ಸತ್ತರು, ಎರಡನೆಯದರಲ್ಲಿ 14. ಸ್ಯಾನಿಟೋರಿಯಂನ ಮುಖ್ಯ ಚಿಕಿತ್ಸೆಯನ್ನು ಮೊದಲ ಬಾರಿಗೆ ನ್ಯಾಯವಾಗಿ ತೂಗಿದ್ದು ಈ ಪ್ರಯೋಗದಲ್ಲಿ. ಅದು ತಕ್ಕಡಿಯ ಹಗುರ ತಟ್ಟೆಯಲ್ಲಿತ್ತು.

ಆದರೆ ಔಷಧಿ ಪಡೆದವರಲ್ಲೂ ಹಲವರು ಮತ್ತೆ ಕೆಟ್ಟರು. ಕಾರಣ ಸಂಖ್ಯೆಗಳಲ್ಲಿದೆ. ಒಂದು ಕುಳಿಯಲ್ಲಿ ಹತ್ತು ಕೋಟಿ ಸೂಕ್ಷ್ಮಾಣುಗಳಿರಬಹುದು. ಹತ್ತು ಲಕ್ಷಕ್ಕೊಂದು ಹುಟ್ಟುವಾಗಲೇ ಒಂದು ಔಷಧಿಗೆ ಬಗ್ಗದಂಥದ್ದಾಗಿದ್ದರೂ ಅಂಥವು ನೂರು ಇರುತ್ತವೆ. ಔಷಧಿ ಉಳಿದೆಲ್ಲವನ್ನೂ ಕೊಂದು ಈ ನೂರಕ್ಕೆ ಜಾಗ ತೆರವು ಮಾಡಿಕೊಡುತ್ತದೆ. ಎರಡು ಬೇರೆ ಬೇರೆ ಔಷಧಿಗಳನ್ನು ಒಟ್ಟಿಗೆ ಕೊಟ್ಟರೆ ಎರಡಕ್ಕೂ ಬಗ್ಗದ ಸೂಕ್ಷ್ಮಾಣು ಆ ಹತ್ತು ಕೋಟಿಯಲ್ಲಿ ಇರುವ ಸಂಭವ ಇಲ್ಲವೆನ್ನುವಷ್ಟು ಕಡಿಮೆ. ಪಿ.ಎ.ಎಸ್. ಎಂಬ ಇನ್ನೊಂದು ಔಷಧಿಯೂ, 1952ರಲ್ಲಿ ಐಸೋನಯಜಿಡ್ ಎಂಬ ಅಗ್ಗದ ಮಾತ್ರೆಯೂ ಬಂದ ಮೇಲೆ ಈ ಜೋಡಿ ಚಿಕಿತ್ಸೆ ಸಾಧ್ಯವಾಯಿತು. ಅಂದಿನಿಂದ ಇಂದಿನವರೆಗೆ ಕ್ಷಯಕ್ಕೆ ಒಂದೇ ಮಾತ್ರೆ ಕೊಡದೆ ಹಲವನ್ನು ಕೂಡಿಸಿ ತಿಂಗಳುಗಟ್ಟಲೆ ಕೊಡುವುದು ಇದೇ ಕಾರಣಕ್ಕೆ. ತಿಂಗಳುಗಟ್ಟಲೆ ಏಕೆಂದರೆ ಸುಮ್ಮನೆ ಮಲಗಿದ ಸೂಕ್ಷ್ಮಾಣುವನ್ನು ಕೊಲ್ಲುವುದು ಬೆಳೆಯುತ್ತಿರುವುದನ್ನು ಕೊಂದಷ್ಟು ಸುಲಭವಲ್ಲ. ಬೂದಿಯಡಿಗೆ ನೀರು ಇಳಿಯಲು ಹೊತ್ತು ಬೇಕು.

ಮದರಾಸಿನ ಪ್ರಯೋಗ

ಔಷಧಿ ಬಂದ ಮೇಲೂ ರೋಗಿಯನ್ನು ಸ್ಯಾನಿಟೋರಿಯಂನಲ್ಲಿ ಮಲಗಿಸಿಯೇ ಕೊಡುವುದು ಪದ್ಧತಿಯಾಗಿ ಉಳಿಯಿತು. ಶ್ರೀಮಂತ ದೇಶಗಳಿಗೆ ಅದು ನಡೆಯುತ್ತಿತ್ತು. ಭಾರತದಲ್ಲಿ ರೋಗಿಗಳು ಲಕ್ಷಗಟ್ಟಲೆ, ಹಾಸಿಗೆಗಳು ಬೆರಳೆಣಿಕೆ. 1956ರಲ್ಲಿ ಭಾರತೀಯ ವೈದ್ಯಕೀಯ ಸಂಶೋಧನಾ ಮಂಡಳಿ, ಮದರಾಸು ಸರ್ಕಾರ, ವಿಶ್ವ ಆರೋಗ್ಯ ಸಂಸ್ಥೆ ಹಾಗೂ ಬ್ರಿಟನ್ನಿನ ಸಂಶೋಧನಾ ಮಂಡಳಿ ಕೂಡಿ ಮದರಾಸಿನಲ್ಲಿ ಒಂದು ಕೇಂದ್ರ ತೆರೆದವು. ಅದರ ಮೊದಲ ಮುಖ್ಯಸ್ಥ ಬ್ರಿಟನ್ನಿನ ವಾಲೆಸ್ ಫಾಕ್ಸ್.

ನಗರದ ಬಡ ಕೇರಿಗಳ 193 ರೋಗಿಗಳನ್ನು ಎರಡು ಗುಂಪು ಮಾಡಿದರು. ಎರಡೂ ಗುಂಪಿಗೆ ಅದೇ ಜೋಡಿ ಔಷಧಿ, ಅದೇ ಒಂದು ವರ್ಷದ ಅವಧಿ. ಒಂದು ಗುಂಪು ಸ್ಯಾನಿಟೋರಿಯಂನಲ್ಲಿ ಒಳ್ಳೆಯ ಊಟ, ಹಾಸಿಗೆ, ಆರೈಕೆಯೊಂದಿಗೆ. ಇನ್ನೊಂದು ಗುಂಪು ತಮ್ಮ ಇಕ್ಕಟ್ಟಾದ ಮನೆಗಳಲ್ಲೇ, ಅರೆಹೊಟ್ಟೆಯಲ್ಲಿ, ಹಲವರು ಕೂಲಿಗೆ ಹೋಗುತ್ತ. ಮನೆಯಲ್ಲಿದ್ದ ಈ ಗುಂಪಿಗೆ ವಾರವಾರ ಕೇಂದ್ರದಿಂದ ಔಷಧಿ ಸಿಗುತ್ತಿತ್ತು. ನುಂಗುತ್ತಿದ್ದಾರೋ ಇಲ್ಲವೋ ಎಂದು ಹೇಳದೆ ಕೇಳದೆ ಮನೆಗೆ ಹೋಗಿ ಮೂತ್ರ ಪರೀಕ್ಷೆ ಮಾಡಲಾಗುತ್ತಿತ್ತು.

ಫಲಿತಾಂಶ 1959ರಲ್ಲಿ ಪ್ರಕಟವಾಯಿತು. ವರ್ಷದ ಕೊನೆಗೆ ಕಫದಲ್ಲಿ ಸೂಕ್ಷ್ಮಾಣು ಇಲ್ಲವಾದವರು ಸ್ಯಾನಿಟೋರಿಯಂನಲ್ಲಿ 92%, ಮನೆಯಲ್ಲಿ 86%. ಸ್ಯಾನಿಟೋರಿಯಂನವರು ತೂಕವನ್ನು ಹೆಚ್ಚು ಗಳಿಸಿದ್ದರು, ಆದರೆ ರೋಗದ ಮಟ್ಟಿಗೆ ಅಂತರ ತೀರಾ ಚಿಕ್ಕದು. ಮನೆಯವರಿಗೆ ಸೋಂಕು ಹರಡುವ ಭಯವೂ ನಿಜವಾಗಲಿಲ್ಲ. ಎರಡೂ ಗುಂಪಿನ ಕುಟುಂಬಗಳಲ್ಲಿ ಹೊಸ ರೋಗಿಗಳ ಪ್ರಮಾಣ ಹೆಚ್ಚುಕಡಿಮೆ ಒಂದೇ ಇತ್ತು. ಅಪಾಯವೆಲ್ಲ ಚಿಕಿತ್ಸೆ ಆರಂಭವಾಗುವ ಮೊದಲಿನ ತಿಂಗಳುಗಳದ್ದು.

ಅಷ್ಟರಿಂದ ಸ್ಯಾನಿಟೋರಿಯಂ ಚಿಕಿತ್ಸೆಯ ಗಂಟು ಬಿಚ್ಚಿದಂತಾಯಿತು. ಸರಿಯಾದ ಔಷಧಿ ಹೊಟ್ಟೆ ಸೇರುತ್ತಿದ್ದರೆ ಹಾಸಿಗೆಯ ವಿಶ್ರಾಂತಿಯಿಂದ ಹೆಚ್ಚಿನ ಲಾಭವಿಲ್ಲ. ತುಮಕೂರು ಜಿಲ್ಲೆಯಲ್ಲಿ ಬ್ಯಾನರ್ಜಿ ಮತ್ತು ಆಂಡರ್ಸನ್ ಎಂಬ ಸಂಶೋಧಕರು ನಡೆಸಿ 1963ರಲ್ಲಿ ಪ್ರಕಟಿಸಿದ ಅಧ್ಯಯನ ಇನ್ನೊಂದು ತುಂಡನ್ನು ಸೇರಿಸಿತು. ಹಳ್ಳಿಯ ಕ್ಷಯರೋಗಿಗಳಲ್ಲಿ ಅರ್ಧಕ್ಕಿಂತ ಹೆಚ್ಚು ಜನ ಯಾರೂ ಹುಡುಕಿಕೊಂಡು ಬರುವ ಮೊದಲೇ ಹತ್ತಿರದ ಆಸ್ಪತ್ರೆಗೆ ಹೋಗಿದ್ದರು. ಅಲ್ಲಿ ಹಲವರಿಗೆ ಸಿಕ್ಕಿದ್ದು ಕೆಮ್ಮಿನ ಔಷಧಿಯ ಬಾಟಲಿ. ದೂರದ ಬೆಟ್ಟದ ಆಸ್ಪತ್ರೆ ಬೇಕಿರಲಿಲ್ಲ, ಹತ್ತಿರದ ಆಸ್ಪತ್ರೆಯಲ್ಲಿ ಕಫ ನೋಡುವವರು ಬೇಕಿತ್ತು. 1962ರಲ್ಲಿ ಆರಂಭವಾದ ರಾಷ್ಟ್ರೀಯ ಕ್ಷಯ ಕಾರ್ಯಕ್ರಮ ಈ ತಿಳಿವಳಿಕೆಯ ಮೇಲೆ ನಿಂತಿತು. ಜಗತ್ತಿನಾದ್ಯಂತ ಸ್ಯಾನಿಟೋರಿಯಂಗಳು ಒಂದೊಂದಾಗಿ ಮುಚ್ಚಿದವು, ಇಲ್ಲವೇ ಸಾಮಾನ್ಯ ಎದೆರೋಗದ ಆಸ್ಪತ್ರೆಗಳಾದವು. ಸ್ವಿಟ್ಜರ್‌ಲ್ಯಾಂಡಿನ ದಾವೋಸ್‌ನಲ್ಲಿ ಕೆಲವು ಹೋಟೆಲುಗಳಾದವು.

ಉಳಿದದ್ದು ಊಟ

ಗಾಳಿಯ ಲೆಕ್ಕ, ವಿಶ್ರಾಂತಿಯ ಲೆಕ್ಕ ಮುಗಿದರೂ ಹಾಲು ಮೊಟ್ಟೆಯ ಲೆಕ್ಕ ಬಾಕಿ ಇತ್ತು. ಮದರಾಸಿನ ಫಲಿತಾಂಶದ ಹೊಳಪಿನಲ್ಲಿ ಅದು ಬಹುಕಾಲ ಮರೆತುಹೋಗಿತ್ತು ಎನ್ನಬೇಕು. ಊಟವಿಲ್ಲದೆಯೂ ಔಷಧಿ ಕೆಲಸ ಮಾಡುತ್ತದೆ ಎಂಬ ಸರಿಯಾದ ಮಾತು, ಊಟ ಮುಖ್ಯವಲ್ಲ ಎಂಬ ತಪ್ಪು ಮಾತಾಗಿ ಕೇಳಿಸತೊಡಗಿತು.

ಮಂಗಳೂರಿನ ಯೆನೆಪೋಯ ವೈದ್ಯಕೀಯ ಕಾಲೇಜಿನ ಡಾ. ಅನುರಾಗ್ ಭಾರ್ಗವ ಮತ್ತು ಸಂಗಡಿಗರು ಇದನ್ನು ಜಾರ್ಖಂಡಿನಲ್ಲಿ ಪರೀಕ್ಷೆಗೊಡ್ಡಿದರು. ಅವರ ಜೊತೆಗಿದ್ದ ಚೆನ್ನೈನ ಕ್ಷಯರೋಗ ಸಂಶೋಧನಾ ಸಂಸ್ಥೆ ಬೇರೆ ಯಾವುದೂ ಅಲ್ಲ, 1956ರ ಮದರಾಸು ಕೇಂದ್ರವೇ ಬೆಳೆದು ಆದದ್ದು. 2,800 ರೋಗಿಗಳೆಲ್ಲರಿಗೂ ಔಷಧಿಯ ಜೊತೆ ತಿಂಗಳ ಪಡಿ ಕೊಟ್ಟರು. ಅವರ ಮನೆಗಳ 10,345 ಜನರಲ್ಲಿ ಒಂದು ಪಾಲಿನವರಿಗೆ ಮಾತ್ರ ಅಕ್ಕಿ, ಬೇಳೆ ಮತ್ತು ವಿಟಮಿನ್ ಮಾತ್ರೆಗಳನ್ನು ಕೊಟ್ಟು, ಇನ್ನೊಂದು ಪಾಲಿನವರೊಂದಿಗೆ ಹೋಲಿಸಿದರು. ಮನೆಯವರಿಗೂ ಪಡಿ ಸಿಕ್ಕ ಕುಟುಂಬಗಳಲ್ಲಿ ಹೊಸದಾಗಿ ಕ್ಷಯ ಬರುವುದು 39% ಕಡಿಮೆಯಾಯಿತು. ಕಫದ ಮೂಲಕ ಹರಡುವ ಬಗೆಯದು 48% ಕಡಿಮೆಯಾಯಿತು. 2023ರಲ್ಲಿ ಪ್ರಕಟವಾದ ಈ ಅಂಕಿಗಳು ಬೂದಿಯ ಕತೆಗೆ ಸರಿಯಾಗಿ ಹೊಂದುತ್ತವೆ. ಕಾವಲುಗಂಟನ್ನು ಕಟ್ಟಿ ಕಾಯುವ ಜೀವಕೋಶಗಳಿಗೆ ಪ್ರೋಟೀನು ಬೇಕು, ಶಕ್ತಿ ಬೇಕು. ಹಸಿದ ದೇಹ ಆ ಕಾವಲನ್ನು ಮೊದಲು ಸಡಿಲಿಸುತ್ತದೆ.

ರೋಗಿಗಳ ಲೆಕ್ಕವೂ ಹಳೆಯ ಸ್ಯಾನಿಟೋರಿಯಂನ ತಕ್ಕಡಿಗೆ ಅರ್ಧ ಮರ್ಯಾದೆ ವಾಪಸು ಕೊಟ್ಟಿತು. ಚಿಕಿತ್ಸೆಯ ಮೊದಲ ಎರಡು ತಿಂಗಳಲ್ಲಿ ತೂಕ 1% ಏರಿದವರಲ್ಲಿ ಸಾವಿನ ಅಪಾಯ 13% ಇಳಿದಿತ್ತು, 5% ಏರಿದವರಲ್ಲಿ 61%. ಕೇಂದ್ರ ಸರ್ಕಾರ 2018ರಿಂದ ಚಿಕಿತ್ಸೆಯಲ್ಲಿರುವ ಕ್ಷಯರೋಗಿಗೆ ಆಹಾರಕ್ಕೆಂದು ತಿಂಗಳಿಗೆ 500 ರೂಪಾಯಿ ಕೊಡುತ್ತಿತ್ತು. 2024ರ ನವೆಂಬರ್‌ನಿಂದ ಅದು 1,000 ರೂಪಾಯಿ.